ಹ್ಯಾರಿಯ ಟೇಪು, ಮಂಡಿಪೇಟೆಯ ಕ್ಯಾಸೆಟ್ಟು

ಹಾಲಿವುಡ್ ನಟ ಜೀನ್ ಹ್ಯಾಕ್‌ಮನ್ 2025ರ ಫೆಬ್ರವರಿಯಲ್ಲಿ ತೀರಿಕೊಂಡಾಗ ಎಲ್ಲರೂ ಅವರ ಪೊಲೀಸ್ ಪಾತ್ರ, ವಿಲನ್ ಪಾತ್ರಗಳನ್ನೇ ನೆನೆದರು. ನನಗೆ ಮಾತ್ರ ನೆನಪಾಗಿದ್ದು ಒಂದು ರೇನ್‌ಕೋಟು. ಮಳೆ ಬರಲಿ ಬಿಡಲಿ, ತೆಳು ಪ್ಲಾಸ್ಟಿಕ್ಕಿನ ಆ ಕೋಟು ಹಾಕಿಕೊಂಡೇ ಓಡಾಡುವ, ಯಾರ ಜತೆಗೂ ನೆಟ್ಟಗೆ ನಾಲ್ಕು ಮಾತಾಡದ ಹ್ಯಾರಿ ಕಾಲ್. ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ 1974ರಲ್ಲಿ ತೆಗೆದ ‘ದಿ ಕಾನ್ವರ್ಸೇಶನ್’ ಸಿನಿಮಾದ ಹೀರೋ. ಹೀರೋ ಅನ್ನೋಕೂ ಒಂಥರಾ ಮುಜುಗರ, ಅಂಥ ಆಸಾಮಿ. ಕೆಲಸ ಏನಪ್ಪಾ ಅಂದರೆ ಬೇರೆಯವರ ಮಾತನ್ನು ಕದ್ದು ರೆಕಾರ್ಡ್ ಮಾಡೋದು.

ನನ್ನದೂ ರೆಕಾರ್ಡಿಂಗ್ ಕಸುಬೇ. ಕದ್ದು ಅಲ್ಲ ಅಷ್ಟೇ. ದಾವಣಗೆರೆಯ ಮಂಡಿಪೇಟೆ ಗಲ್ಲಿಯೊಂದರಲ್ಲಿ ನನ್ನ ಕ್ಯಾಸೆಟ್ ಅಂಗಡಿ ಇತ್ತು. ಜಗಳೂರು, ಹರಿಹರ, ಹೊನ್ನಾಳಿ ಕಡೆಯಿಂದ ಊರಿಗೆ ಬಂದವರು ನೋಟ್‌ಬುಕ್ ಹಾಳೆಯಲ್ಲಿ ಹಾಡುಗಳ ಪಟ್ಟಿ ಬರೆದು ಕೊಡೋರು. ಬಟ್ಟೆ ತಗೊಂಡು, ಮಿರ್ಚಿ ಮಂಡಕ್ಕಿ ತಿಂದು, ಸಂಜೆ ಬಸ್ಸಿಗೆ ಮುಂಚೆ ಬಂದು ಕ್ಯಾಸೆಟ್ ಒಯ್ಯೋರು. ಅದನ್ನು ಪೈರಸಿ ಅಂತ ಆಗ ಯಾರೂ ಅನ್ನುತ್ತಿರಲಿಲ್ಲ. ಜತೆಗೆ ಮದುವೆಗೆ, ಗಣಪತಿಗೆ, ದುಗ್ಗಮ್ಮನ ಜಾತ್ರೆಗೆ ಮೈಕ್ ಸೆಟ್ ಬಾಡಿಗೆ. ಈಗ ಅಂಗಡಿ ಇಲ್ಲ. ಮನೆಯ ಮುಂದಿನ ರೂಮಿನಲ್ಲಿ ಒಂದು ಡೆಕ್ಕು, ಒಂದು ಕಂಪ್ಯೂಟರ್ ಇಟ್ಟುಕೊಂಡಿದ್ದೇನೆ. ಜನ ಹಳೇ ಕ್ಯಾಸೆಟ್ ತರುತ್ತಾರೆ. ಅಜ್ಜಿ ಹಾಡಿದ ಸೋಬಾನೆ, ಅಪ್ಪನ ತತ್ವಪದ, ಯಾರದ್ದೋ ನಾಮಕರಣದ ಗದ್ದಲ. ಪೆನ್‌ಡ್ರೈವಿಗೆ ಹಾಕಿ ಕೊಡುತ್ತೇನೆ.

ಈ ಸಿನಿಮಾ ಮೊದಲು ನೋಡಿದ್ದು ತೊಂಬತ್ತರ ದಶಕದ ಕೊನೆಯಲ್ಲಿ, ಕೇಬಲ್ ಟಿವಿಯಲ್ಲಿ, ನಡುರಾತ್ರಿ. ಇಂಗ್ಲಿಷ್ ಅರ್ಧ ತಿಳಿಯಿತು, ಅರ್ಧ ತಲೆ ಮೇಲೆ ಹೋಯಿತು. ಆದರೆ ಅವನ ಕೈ ನನಗೆ ಪೂರ್ತಿ ಅರ್ಥ ಆಯಿತು. ಟೇಪನ್ನು ಹಿಂದಕ್ಕೆ ಓಡಿಸಿ, ಸರಿಯಾದ ಜಾಗಕ್ಕೆ ಬರುವ ಮುಂಚೆಯೇ ಬೆರಳು ಬಟನ್ ಮೇಲೆ ಹೋಗಿ ಕೂರುತ್ತಲ್ಲ, ಅದು ನಟನೆ ಅನ್ನಿಸಲೇ ಇಲ್ಲ. ಆ ಕೆಲಸ ಮಾಡಿದವರಿಗೆ ಗೊತ್ತು. ಹ್ಯಾಕ್‌ಮನ್ ಹೋದ ಮೇಲೆ ಮತ್ತೆ ಹುಡುಕಿ, ಸಬ್‌ಟೈಟಲ್ ಹಾಕಿಕೊಂಡು, ಹೆಡ್‌ಫೋನ್ ಹಾಕಿಕೊಂಡು ನೋಡಿದೆ.

ಕಥೆ ಹೇಳಿಬಿಡುತ್ತೇನೆ. ಐವತ್ತು ವರ್ಷ ದಾಟಿದ ಸಿನಿಮಾ, ಗುಟ್ಟು ಬಿಚ್ಚಿಟ್ಟರೆ ತಪ್ಪಿಲ್ಲ. ನೋಡಿಲ್ಲದವರು ಇಲ್ಲಿಗೇ ನಿಲ್ಲಿಸಿ, ನೋಡಿ ಬನ್ನಿ.

ಸ್ಯಾನ್‌ಫ್ರಾನ್ಸಿಸ್ಕೋದ ಯೂನಿಯನ್ ಸ್ಕ್ವೇರ್. ಮಧ್ಯಾಹ್ನದ ಹೊತ್ತು, ಜನವೋ ಜನ. ಬೀದಿ ಬ್ಯಾಂಡಿನವರ ಗದ್ದಲ, ಮುಖಕ್ಕೆ ಬಿಳಿ ಬಳಿದುಕೊಂಡ ಮೂಕಾಭಿನಯದವನ ಆಟ. ಕ್ಯಾಮೆರಾ ತುಂಬಾ ಎತ್ತರದಿಂದ ನಿಧಾನಕ್ಕೆ ಇಳಿಯುತ್ತಾ ಬರುತ್ತದೆ. ನಡುನಡುವೆ ಮಾತು ಒಡೆದು, ಗರಗರ ಅಂತ ಲೋಹದ ಸದ್ದಾಗುತ್ತದೆ. ಟಿವಿ ಕೆಟ್ಟಿತೇನೋ ಅನ್ನಿಸುತ್ತೆ. ಒಂದು ಹುಡುಗ, ಒಂದು ಹುಡುಗಿ ಆ ಜನರ ನಡುವೆ ಸುತ್ತು ಹಾಕುತ್ತಾ ಮಾತಾಡುತ್ತಿದ್ದಾರೆ. ಹ್ಯಾರಿಯ ಕಡೆಯವರು ಕಟ್ಟಡಗಳ ಮೇಲಿಂದ ಬಂದೂಕಿನ ಥರ ಉದ್ದನೆಯ ಮೈಕ್ ಹಿಡಿದು ಅವರಿಗೆ ಗುರಿ ಇಟ್ಟಿದ್ದಾರೆ. ಇನ್ನೊಬ್ಬ ಚೀಲದೊಳಗೆ ಮೈಕ್ ಇಟ್ಟುಕೊಂಡು ಹಿಂದೆ ಹಿಂದೆ ನಡೆಯುತ್ತಿದ್ದಾನೆ. ಪಕ್ಕದಲ್ಲೊಂದು ವ್ಯಾನು. ಅದರ ಕನ್ನಡಿ ಗಾಜು ನೋಡಿಕೊಂಡು ಯಾರೋ ಹುಡುಗಿಯರು ಲಿಪ್‌ಸ್ಟಿಕ್ ಹಚ್ಚಿಕೊಳ್ಳುತ್ತಾರೆ, ಒಳಗೆ ಕೂತವನು ಅವರ ಫೋಟೋ ಹೊಡೆಯುತ್ತಾನೆ.

ಜನರ ನಡುವೆ ನಿಂತು ಮಾತಾಡಿದರೆ ಯಾರಿಗೂ ಕೇಳಿಸಲ್ಲ ಅಂತ ನಾವೆಲ್ಲ ಅಂದುಕೊಂಡಿರುತ್ತೇವೆ ಅಲ್ವಾ? ಹಾಗೇನೂ ಇಲ್ಲ, ದೂರದಿಂದ ಗುರಿಯಿಟ್ಟು ಕೇಳುವ ಮೈಕ್ ಬಂದಿದೆ ಅಂತ ಕೊಪ್ಪೊಲಾಗೆ ಇನ್ನೊಬ್ಬ ನಿರ್ದೇಶಕರು ಮಾತಿನ ನಡುವೆ ಹೇಳಿದ್ದರಂತೆ. ಸಿನಿಮಾ ಹುಟ್ಟಿದ್ದು ಅಲ್ಲಿಂದ. ಅದು ಅರವತ್ತರ ದಶಕದ ಮಾತು. ಅಮೆರಿಕದ ಅಧ್ಯಕ್ಷ ನಿಕ್ಸನ್ ಕಡೆಯವರ ಕದ್ದಾಲಿಕೆ ಹಗರಣ ವಾಟರ್‌ಗೇಟ್ ಇನ್ನೂ ಆಗಿರಲೇ ಇಲ್ಲ. ಸಿನಿಮಾ ಬಿಡುಗಡೆಯಾದ 1974ರ ಏಪ್ರಿಲ್ ಹೊತ್ತಿಗೆ ಅಮೆರಿಕದ ಪೇಪರುಗಳ ತುಂಬಾ ನಿಕ್ಸನ್ ತಮ್ಮ ಆಫೀಸಿನಲ್ಲಿ ರೆಕಾರ್ಡ್ ಮಾಡಿಸಿಟ್ಟಿದ್ದ ಟೇಪಿನದೇ ಸುದ್ದಿ. ಆಗಸ್ಟಿನಲ್ಲಿ ನಿಕ್ಸನ್ ರಾಜೀನಾಮೆ ಕೊಟ್ಟರು. ಸುದ್ದಿ ನೋಡಿಕೊಂಡು ಸಿನಿಮಾ ಮಾಡಿದ್ದಾರೆ ಅಂತ ಎಷ್ಟೋ ಜನ ತಿಳಿದರು. ಅಸಲಿಗೆ ಕಥೆ ಮೊದಲು, ಸುದ್ದಿ ಆಮೇಲೆ.

ಹ್ಯಾರಿ ಈ ಟೇಪುಗಳನ್ನು ತನ್ನ ಗೋದಾಮಿಗೆ ತಂದು, ಮೂರನ್ನೂ ಒಟ್ಟಿಗೆ ಓಡಿಸಿ, ಒಂದರಲ್ಲಿ ಕೇಳದ ಮಾತನ್ನು ಇನ್ನೊಂದರಿಂದ ತುಂಬಿಸಿ, ಒಂದು ಒಳ್ಳೆ ಪ್ರತಿ ಮಾಡುತ್ತಾನೆ. 15,000 ಡಾಲರ್ ಕೆಲಸ. ಸಹಾಯಕ ಸ್ಟ್ಯಾನ್‌ಗೆ ಕುತೂಹಲ. ಏನು ಮಾತಾಡ್ತಿದಾರೆ ಇವರು, ಯಾರಿವರು ಅಂತ ಕೇಳುತ್ತಲೇ ಇರುತ್ತಾನೆ. ಹ್ಯಾರಿಗೆ ಸಿಡಿಮಿಡಿ. ಅವರು ಏನು ಮಾತಾಡಿದರೂ ತನಗೆ ಬೇಕಿಲ್ಲ, ರೆಕಾರ್ಡಿಂಗ್ ಚೆನ್ನಾಗಿ ಬಂದರೆ ಸಾಕು ಅನ್ನುತ್ತಾನೆ. ಈ ಮಾತು ಕೇಳಿ ನಾನು ಸ್ವಲ್ಪ ಬೆಚ್ಚಿದೆ. ನಾವು ಮೈಕ್ ಸೆಟ್‌ನವರೂ ಇದನ್ನೇ ಅಲ್ವಾ ಹೇಳೋದು. ಸ್ಟೇಜ್ ಮೇಲೆ ಯಾರು ಯಾರಿಗೆ ಬೈದರೂ ನಮ್ಮ ಕಣ್ಣು ಆಂಪ್ಲಿಫೈಯರಿನ ಸೂಜಿ ಮೇಲೆ.

ಹ್ಯಾರಿ ಹೀಗಾಗಲು ಕಾರಣ ಇದೆ. ಹಿಂದೆ ನ್ಯೂಯಾರ್ಕಿನಲ್ಲಿ ಅವನು ಮಾಡಿದ ಒಂದು ರೆಕಾರ್ಡಿಂಗಿನಿಂದ ಮೂರು ಜನ ಸತ್ತಿದ್ದಾರೆ. ಅದು ಎದೆಯಲ್ಲಿ ಕೂತಿದೆ. ಚರ್ಚಿಗೆ ಹೋಗಿ ತಪ್ಪೊಪ್ಪಿಗೆ ಮಾಡಿಕೊಂಡರೂ ಇಳಿಯುವುದಿಲ್ಲ. ಈಗ ಈ ಟೇಪಿನಲ್ಲಿ, ಬೀದಿಯ ಡ್ರಮ್ಮಿನ ಸದ್ದಿನ ಕೆಳಗೆ, ಒಂದು ವಾಕ್ಯ ಸಿಗುತ್ತದೆ. ಅವಕಾಶ ಸಿಕ್ಕರೆ ಅವನು ನಮ್ಮನ್ನು ಕೊಂದೇಬಿಡ್ತಾನೆ ಅಂತ ಹುಡುಗ ಹುಡುಗಿಗೆ ಹೇಳಿದ್ದು. ಟೇಪು ಮಾಡಿಸಿದ್ದು ಒಬ್ಬ ದೊಡ್ಡ ಕಂಪನಿಯ ಡೈರೆಕ್ಟರ್. ಹುಡುಗಿ ಅವನ ಹೆಂಡತಿ. ಟೇಪು ಕೊಟ್ಟರೆ ಈ ಇಬ್ಬರ ಕಥೆ ಮುಗಿಯಿತು ಅಂತ ಹ್ಯಾರಿ ಒದ್ದಾಡುತ್ತಾನೆ.

ಇಲ್ಲಿ ಕಸುಬಿನವನಾಗಿ ಒಂದು ತಕರಾರು ಹೇಳಲೇಬೇಕು. ಹ್ಯಾರಿ ಒಂದು ಫಿಲ್ಟರ್ ಜೋಡಿಸಿ ಗುಬುಟು ತಿರುಗಿಸುತ್ತಿದ್ದ ಹಾಗೆ ಡ್ರಮ್ಮು ಹಿಂದೆ ಸರಿದು ಮಾತು ನಿಚ್ಚಳವಾಗಿ ಮೇಲೆ ಬರುತ್ತೆ. ಅಷ್ಟು ಸುಲಭ ಇಲ್ಲ ಸ್ವಾಮಿ. ಡ್ರಮ್ಮಿನ ಗುಡುಗು ಕೆಳಗಿನ ಫ್ರೀಕ್ವೆನ್ಸಿಯಲ್ಲಿರುತ್ತೆ, ಅದನ್ನು ಕತ್ತರಿಸಬಹುದು, ನಿಜ. ಫೋನಿನಲ್ಲಿ ನಮ್ಮ ಮಾತು 300ರಿಂದ 3,400 ಹರ್ಟ್ಸ್ ಒಳಗೇ ಹೋಗುತ್ತಿತ್ತು, ಆದರೂ ಅರ್ಥ ಆಗುತ್ತಿತ್ತು. ಆದರೆ ಡ್ರಮ್ಮಿನ ಮೇಲೆ ಕೈ ಬೀಳುವಾಗ ‘ಟಪ್’ ಅನ್ನುವ ಪೆಟ್ಟು ಇರುತ್ತಲ್ಲ, ಅದು ಮಾತಿರುವ ಜಾಗದಲ್ಲೇ ಬಂದು ಕೂರುತ್ತೆ. ಅದನ್ನು ತೆಗೆದರೆ ಮಾತೂ ಹೋಗುತ್ತೆ. ಈಗಿನ ಸಾಫ್ಟ್‌ವೇರು ಹಾಡಿನಿಂದ ಗಾಯಕರ ದನಿಯನ್ನೇ ಬಿಡಿಸಿ ಕೊಡುತ್ತೆ, ಒಪ್ಪುತ್ತೇನೆ. ಆದರೆ ಮಾತು ಸರಿಯಾಗಿ ಇಲ್ಲದ ಕಡೆ ಕೆಲವು ಸಾಫ್ಟ್‌ವೇರು ತಾನೇ ಊಹೆ ಮಾಡಿ ತುಂಬಿಸಿಬಿಡುತ್ತೆ. ಅದಕ್ಕೇ ನಾನು ಸೋಬಾನೆ ಕ್ಯಾಸೆಟ್ಟುಗಳಿಗೆ ಅದನ್ನು ಜಾಸ್ತಿ ಬಳಸಲ್ಲ. ಅಜ್ಜಿ ಹಾಡದ ಪದವನ್ನು ಅಜ್ಜಿ ಬಾಯಲ್ಲಿ ಹಾಡಿಸೋದು ಯಾಕೆ?

ಆಮೇಲಿನದು ಬೇಗ ಹೇಳುತ್ತೇನೆ. ಕದ್ದು ಕೇಳುವ ಯಂತ್ರಗಳದೇ ಒಂದು ಪ್ರದರ್ಶನ ನಡೆಯುತ್ತದೆ, ಅಲ್ಲಿ ಈ ಕಸುಬಿನವರೆಲ್ಲ ಸೇರುತ್ತಾರೆ. ಬರ್ನಿ ಮೊರಾನ್ ಅಂತ ಒಬ್ಬ ಬಡಾಯಿ ಕೊಚ್ಚುವವನು ಹ್ಯಾರಿಗೆ ಒಂದು ಪೆನ್ನು ಪುಕ್ಕಟೆ ಕೊಡುತ್ತಾನೆ. ಅದರೊಳಗೆ ಮೈಕು. ಹ್ಯಾರಿ ಒಂದು ಹೆಣ್ಣಿನ ಹತ್ತಿರ ತನ್ನ ಮನಸ್ಸಿನ ಮಾತು ಆಡಿಕೊಂಡದ್ದನ್ನು ಬರ್ನಿ ಎಲ್ಲರ ಮುಂದೆ ಹಾಕಿ ಕೇಳಿಸುತ್ತಾನೆ. ಆ ಹೆಣ್ಣೇ ಬೆಳಗಾಗುವಷ್ಟರಲ್ಲಿ ಟೇಪು ಎತ್ತಿಕೊಂಡು ಹೋಗಿರುತ್ತಾಳೆ. ಡೈರೆಕ್ಟರನ ಸಹಾಯಕನಾಗಿ ಹ್ಯಾರಿಸನ್ ಫೋರ್ಡ್ ಇದ್ದಾರೆ. ಇನ್ನೂ ದೊಡ್ಡ ಸ್ಟಾರ್ ಆಗಿರಲಿಲ್ಲ. ಮೆತ್ತಗೆ ಮಾತಾಡುತ್ತಲೇ ಹೆದರಿಸುತ್ತಾರೆ.

ಕೊನೆಗೆ ಸಾಯುವುದು ಡೈರೆಕ್ಟರ್. ಕೊಲ್ಲಿಸುವವರು ಆ ಇಬ್ಬರೇ. ಹ್ಯಾರಿ ಯಾರನ್ನು ಉಳಿಸಬೇಕು ಅಂತ ಒದ್ದಾಡಿದನೋ ಅವರೇ ಪಿತೂರಿ ಮಾಡಿದವರು. ಆಗ ಅದೇ ವಾಕ್ಯ ಮತ್ತೆ ಕೇಳುತ್ತದೆ. ಮೊದಲೆಲ್ಲ ಒತ್ತು ‘ಕೊಲ್ಲುತ್ತಾನೆ’ ಅನ್ನುವುದರ ಮೇಲಿತ್ತು. ಈಗ ‘ನಮ್ಮನ್ನು’ ಅನ್ನುವುದರ ಮೇಲೆ. ಅವನಿಗೆ ಅವಕಾಶ ಸಿಕ್ಕರೆ ನಮ್ಮನ್ನೇ ಮುಗಿಸುತ್ತಾನೆ, ಅದಕ್ಕೆ ಮುಂಚೆ ನಾವು ನೋಡಿಕೊಳ್ಳೋಣ ಅನ್ನುವ ಧಾಟಿ.

ಮೊದಲ ಸಲ ನೋಡಿದಾಗ ಇದು ನನಗೆ ಗೊತ್ತಾಗಿರಲಿಲ್ಲ, ಇಂಗ್ಲಿಷ್ ಅಷ್ಟು ಹಿಡಿತಕ್ಕೆ ಸಿಕ್ಕಿರಲಿಲ್ಲ. ಈ ಸಲ ಹೆಡ್‌ಫೋನಿನಲ್ಲಿ ಗೊತ್ತಾಯಿತು, ಸಿಟ್ಟೂ ಬಂತು. ಯಾಕೆಂದರೆ ಎರಡೂ ಬೇರೆ ಬೇರೆ ರೆಕಾರ್ಡಿಂಗ್! ಹಿಂದಕ್ಕೆ ಓಡಿಸಿ ಪಕ್ಕ ಪಕ್ಕ ಇಟ್ಟು ಕೇಳಿದೆ. ಸಂದೇಹವೇ ಇಲ್ಲ. ಟೇಪು ಅಂದರೆ ಟೇಪು. ನೂರು ಸಲ ಹಾಕಿದರೂ ಒತ್ತು ಅತ್ತಿತ್ತ ಆಗಲ್ಲ. ಟೇಪಿನವರ ಕಣ್ಣಲ್ಲಿ ಇದು ಮೋಸ.

ಇದರ ಹಿಂದಿನ ಕಥೆ ಚೆನ್ನಾಗಿದೆ. ಸಿನಿಮಾದ ಎಡಿಟಿಂಗ್ ಮತ್ತು ಸೌಂಡ್ ನೋಡಿಕೊಂಡವರು ವಾಲ್ಟರ್ ಮರ್ಚ್. ಕೊಪ್ಪೊಲಾ ‘ಗಾಡ್‌ಫಾದರ್’ ಎರಡನೇ ಭಾಗ ತೆಗೆಯಲು ಹೋದರು, ಇದರ ಭಾರ ಮರ್ಚ್ ಮೇಲೆ ಬಿತ್ತು. ಮಾತು ಇನ್ನೂ ನಿಚ್ಚಳವಾಗಿ ಬೇಕು ಅಂತ ಆ ಇಬ್ಬರು ನಟರನ್ನು, ಫ್ರೆಡರಿಕ್ ಫಾರೆಸ್ಟ್ ಮತ್ತು ಸಿಂಡಿ ವಿಲಿಯಮ್ಸ್ ಅವರನ್ನು, ಗದ್ದಲ ಇಲ್ಲದ ಒಂದು ಪಾರ್ಕಿಗೆ ಕರೆದುಕೊಂಡು ಹೋಗಿ ಮತ್ತೆ ಅದೇ ಮಾತು ಆಡಿಸಿದರು. ಒಂದು ಸಲ ಫಾರೆಸ್ಟ್ ಒತ್ತನ್ನು ಬೇರೆ ಕಡೆ ಹಾಕಿಬಿಟ್ಟರು. ಮರ್ಚ್ ಅದನ್ನು ತಪ್ಪು ಅಂತ ಪಕ್ಕಕ್ಕಿಟ್ಟರು. ತಿಂಗಳುಗಳಾದ ಮೇಲೆ, ಸಿನಿಮಾದ ಕೊನೆ ಜನಕ್ಕೆ ಸರಿಯಾಗಿ ತಲುಪುತ್ತಿಲ್ಲ ಅನ್ನಿಸಿದಾಗ, ಅದೇ ತಪ್ಪು ಟೇಕ್ ತಂದು ಕೊನೆಯಲ್ಲಿ ಕೂರಿಸಿದರು. ಬಾಲ್ಯದ ಗೆಳೆಯನಿಗೆ ಕೈಕೊಟ್ಟು ಆಮೇಲೆ ಕಷ್ಟಕಾಲದಲ್ಲಿ ಅವನ ಮನೆ ಬಾಗಿಲಿಗೇ ಹೋದ ಹಾಗೆ.

ನನ್ನ ಸಿಟ್ಟು ಇಳಿದದ್ದು ನನ್ನ ರೂಮಿಗೆ ಬಂದಿದ್ದ ಒಂದು ಕ್ಯಾಸೆಟ್ ನೆನಪಾಗಿ.

ಒಬ್ಬರು, ಅಡಿಕೆ ತೋಟದವರು, ತಂಗಿಯನ್ನು ಕರೆದುಕೊಂಡು ಬಂದಿದ್ದರು. ತೀರಿಕೊಂಡ ತಂದೆಯ ದನಿ ಇರುವ ಕ್ಯಾಸೆಟ್ಟು. ಭಜನೆ ಇರಬೇಕು ಅಂದುಕೊಂಡು ಡೆಕ್ಕಿಗೆ ಹಾಕಿದೆ. ಆಸ್ತಿ ಪಂಚಾಯ್ತಿ! ಮನೆಯ ನಡುಮನೆಯಲ್ಲಿ ಕೂತು ಮಾತಾಡಿದ್ದನ್ನು ಯಾರೋ ಟೂ-ಇನ್-ಒನ್ (ರೇಡಿಯೋ, ಟೇಪ್ ರೆಕಾರ್ಡರ್ ಎರಡೂ ಇರುವ ಪೆಟ್ಟಿಗೆ) ಅನ್ನು ಕಂಬಳಿ ಕೆಳಗೆ ಇಟ್ಟು ರೆಕಾರ್ಡ್ ಮಾಡಿದ್ದರು. ಫ್ಯಾನಿನ ಗುಂಯ್, ಅಡುಗೆಮನೆಯಿಂದ ಕುಕ್ಕರ್ ಕೂಗು, ಎಮ್ಮೆ ಒದರಿದ್ದು. ನಡುವೆ ಮುದುಕರ ದನಿ: “ಆಯ್ತಪ್ಪ, ಎಲ್ಲಾ ನೀನೇ ತಗೋ.”

“ಕೇಳಿದ್ರಾ?” ಅಂದರು ಅಣ್ಣ. “ಅಪ್ಪ ಬಾಯಿಬಿಟ್ಟು ಹೇಳಿದಾರೆ. ಇಷ್ಟು ಮಾತ್ರ ಕಟ್ ಮಾಡಿ, ಕ್ಲೀನ್ ಮಾಡಿ ಕೊಡಿ.”

ತಂಗಿ ಅವರ ಮುಖ ನೋಡಿದರು. “ಬೈತಾ ಇದಾರಲ್ಲೋ ಅಪ್ಪ.”

“ಬೈದಿಲ್ಲ. ಕೊಡ್ತಾ ಇದಾರೆ.”

ನಮ್ಮ ಕಡೆ ಮನೆಗಳಲ್ಲಿ ಬೆಳೆದ ಯಾರಿಗಾದರೂ ಈ ಮಾತು ಗೊತ್ತು. ಅಪ್ಪ ‘ಎಲ್ಲಾ ನೀನೇ ತಗೋ’ ಅಂದರೆ ಕಾಲು ಕೀಳಬೇಕು ಅಂತ ಅರ್ಥ. ಆದರೆ ಕ್ಯಾಸೆಟ್ಟಿನಲ್ಲಿ ಆ ಮಾತು ಎಷ್ಟು ತಣ್ಣಗಿತ್ತು ಗೊತ್ತಾ? ಅದಕ್ಕೆ ಕಾರಣ ಯಂತ್ರ. ಆ ಕಾಲದ ಟೂ-ಇನ್-ಒನ್‌ಗಳಲ್ಲಿ ರೆಕಾರ್ಡಿಂಗ್ ಲೆವೆಲ್ ತಾನೇ ಏರಿಳಿಯುವ ಸರ್ಕ್ಯೂಟ್ ಇರುತ್ತಿತ್ತು. ಜೋರಾಗಿ ಕೂಗಿದರೆ ತಗ್ಗಿಸುತ್ತೆ, ಪಿಸುಗುಟ್ಟಿದರೆ ಏರಿಸುತ್ತೆ. ಎಲ್ಲರೂ ಸುಮ್ಮನಾದಾಗ ಉಸ್ಸ್ ಅನ್ನುವ ಸದ್ದು ಮೇಲೆದ್ದು ಬರುತ್ತಲ್ಲ, ಅದೂ ಅದರದೇ ಕೆಲಸ. ಮುದುಕರು ಕಿರುಚಿದ್ದರೋ ಮೆಲ್ಲಗೆ ಅಂದಿದ್ದರೋ, ಟೇಪಿನ ಮೇಲೆ ಎರಡೂ ಒಂದೇ ಎತ್ತರ. ಸಿಟ್ಟನ್ನು ಯಂತ್ರವೇ ಒರೆಸಿ ಹಾಕಿತ್ತು. ಉಳಿದದ್ದು ಬರೀ ಅಕ್ಷರ.

ಅಣ್ಣ ಮತ್ತೆ ಮತ್ತೆ ಹಾಕಿಸಿದರು. ಪ್ರತಿ ಸಲವೂ ಅವರಿಗೆ ಅಪ್ಪ ಕೊಟ್ಟರು. ಪ್ರತಿ ಸಲವೂ ತಂಗಿಗೆ ಅಪ್ಪ ಬೈದರು. ನನ್ನ ಕಿವಿಗೂ ಬೈಗುಳವೇ, ಆದರೆ ನನ್ನನ್ನು ಯಾರೂ ಕೇಳಲಿಲ್ಲ. ಕತ್ತರಿಸಿ ಕೊಡಲ್ಲ, ಬೇಕಾದರೆ ಎರಡೂ ಬದಿ ಪೂರ್ತಿ ಹಾಕಿ ಕೊಡುತ್ತೇನೆ ಅಂದೆ. ಗೊಣಗುತ್ತಾ ಪೂರ್ತಿ ಹಾಕಿಸಿಕೊಂಡು ದುಡ್ಡು ಕೊಟ್ಟು ಹೋದರು. ಆಮೇಲೆ ಅದು ಕೋರ್ಟಿಗೆ ಹೋಯಿತೋ, ಅಲ್ಲೇ ಬಗೆಹರಿಯಿತೋ ನಾನು ವಿಚಾರಿಸಲಿಲ್ಲ.

ಆ ಅಣ್ಣನ ತಲೆಯೊಳಗೆ ಮೈಕ್ ಇಟ್ಟು ರೆಕಾರ್ಡ್ ಮಾಡಿದ್ದರೆ ಖಂಡಿತ ಬೇರೆ ಒತ್ತು ಸಿಗುತ್ತಿತ್ತು. ಮರ್ಚ್ ಮಾಡಿದ್ದು ಅದನ್ನೇ ಅನ್ನಿಸುತ್ತೆ. ಸಿನಿಮಾ ಉದ್ದಕ್ಕೂ ಟೇಪಿನ ಮಾತು ನಮಗೆ ಹ್ಯಾರಿಯ ಕಿವಿಯ ಮೂಲಕವೇ ಸಿಗುತ್ತದೆ. ಮೂರು ಜನರ ಸಾವು ಹೊತ್ತುಕೊಂಡವನ ಕಿವಿ ಅದು. ಇನ್ನೊಂದು ಸಾವು ಅವನಿಗೆ ಬೇಕಿಲ್ಲ, ಅದಕ್ಕೇ ಅಪಾಯದಲ್ಲಿರುವ ಇಬ್ಬರು ಪಾಪದವರು ಅವನಿಗೆ ಕೇಳಿಸುತ್ತಾರೆ. ಅವನ ಕಸುಬಿನಲ್ಲಿ ಒಂದಿಷ್ಟೂ ಕೊರತೆ ಇಲ್ಲ. ಒಂದು ಅಕ್ಷರವನ್ನೂ ತಪ್ಪಾಗಿ ಹಿಡಿದಿಲ್ಲ. ಪಿತೂರಿ ಸಿನಿಮಾಗಳಲ್ಲಿ ಸಾಮಾನ್ಯವಾಗಿ ದೊಡ್ಡವರು ಸೇರಿ ನಾಯಕನಿಂದ ಸತ್ಯ ಮುಚ್ಚಿಡುತ್ತಾರೆ. ಇಲ್ಲಿ ಪೂರ್ತಿ ಸತ್ಯ ಅವನ ಡೆಕ್ಕಿನಲ್ಲೇ ಸುತ್ತುತ್ತಿರುತ್ತದೆ. ನನಗೆ ಇದು ಎಲ್ಲಕ್ಕಿಂತ ಭಯಂಕರ ಅನ್ನಿಸಿದ್ದು.

ಈಗ ಮೊಬೈಲೇ ನಮ್ಮನ್ನು ಕದ್ದು ಕೇಳುತ್ತೆ ಅಂತ ಈ ಸಿನಿಮಾದ ಬಗ್ಗೆ ಬರೆಯೋರೆಲ್ಲ ಒಂದು ಪ್ಯಾರಾ ಬರೆಯುತ್ತಾರೆ. ಅದನ್ನು ನಾನು ಬಿಡುತ್ತೇನೆ. ನಮ್ಮದೇ ಒಂದು ಕಾಲ ನೆನಪಾಗುತ್ತೆ. 1988. ದಾವಣಗೆರೆ ಆಗಿನ್ನೂ ಚಿತ್ರದುರ್ಗ ಜಿಲ್ಲೆಯಲ್ಲೇ ಇತ್ತು. ಫೋನ್ ಕದ್ದಾಲಿಕೆ ಗಲಾಟೆಯಲ್ಲಿ ರಾಮಕೃಷ್ಣ ಹೆಗಡೆ ಮುಖ್ಯಮಂತ್ರಿ ಕುರ್ಚಿ ಬಿಟ್ಟರು, ಎಸ್.ಆರ್. ಬೊಮ್ಮಾಯಿ ಬಂದರು. ಅಂಗಡಿಗೆ ಬಂದವರೆಲ್ಲ ನನ್ನನ್ನೇ ಕೇಳೋರು, ಫೋನು ಹೆಂಗ್ರೀ ಕದ್ದು ಕೇಳ್ತಾರೆ ಅಂತ. ಟೇಪ್ ರೆಕಾರ್ಡರ್ ರಿಪೇರಿ ಬರುತ್ತೆ ಅಂದ ಮೇಲೆ ಇದೂ ಗೊತ್ತಿರಲೇಬೇಕು ಅಂತ ಅವರ ಲೆಕ್ಕ. ಮನೆಯಲ್ಲಿ ಫೋನೇ ಇಲ್ಲದವರು, ಅರ್ಜಿ ಹಾಕಿ ವರ್ಷಗಟ್ಟಲೆ ಕಾಯುತ್ತಿದ್ದವರು ಕೂಡ ದನಿ ತಗ್ಗಿಸಿ ಮಾತಾಡೋಕೆ ಶುರು ಮಾಡಿದರು. ಟ್ರಂಕ್ ಕಾಲ್ ಕಾಲದಲ್ಲಿ ಎಕ್ಸ್‌ಚೇಂಜಿನ ಆಪರೇಟರ್ ನಮ್ಮ ಮಾತು ಕೇಳಿಸಿಕೊಳ್ಳುತ್ತಾರೆ ಅಂತ ಎಲ್ಲರಿಗೂ ಗೊತ್ತಿತ್ತು. ಆಗ ಯಾರಿಗೂ ಹೆದರಿಕೆ ಇರಲಿಲ್ಲ. ಕೆಲವರಂತೂ ಮಾತಿನ ನಡುವೆ ಆಪರೇಟರಿಗೇ, ಸ್ವಲ್ಪ ಜೋರಾಗಿ ಕೇಳೋ ಹಂಗೆ ಮಾಡ್ರೀ ಅಂತ ಹೇಳೋರು.

ಹೆಗಡೆ ರಾಜೀನಾಮೆ ಕೊಟ್ಟರು, ನಿಕ್ಸನ್ ಕೊಟ್ಟರು. ಸಿನಿಮಾದಲ್ಲಿ ಯಾರೂ ಏನೂ ಕೊಡಲ್ಲ. ಕೊಲೆ ಆಕ್ಸಿಡೆಂಟ್ ಅಂತ ಪೇಪರಲ್ಲಿ ಬರುತ್ತೆ. ಹುಡುಗಿ ಕಾರಿನಲ್ಲಿ ಕೂತಿರುತ್ತಾಳೆ. ಕಾನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಇದಕ್ಕೇ ಬಂತು. ಆಸ್ಕರ್‌ನಲ್ಲಿ ಮಾತ್ರ ಕೊಪ್ಪೊಲಾ ಅವರ ಇದೇ ಸಿನಿಮಾ ಅವರದೇ ‘ಗಾಡ್‌ಫಾದರ್’ ಎರಡನೇ ಭಾಗದ ಎದುರು ಸೋತಿತು. ನನ್ನನ್ನು ಕೇಳಿದರೆ ಇದಕ್ಕೇ ಕೊಡಬೇಕಿತ್ತು. ‘ಗಾಡ್‌ಫಾದರ್’ ಅಭಿಮಾನಿಗಳು ಬೈಯಬಹುದು, ಬೈಯಲಿ. ಸಂಗೀತ ಕೊಟ್ಟ ಡೇವಿಡ್ ಶೈರ್ ಅವರ ಆ ಒಂಟಿ ಪಿಯಾನೋ ಒಂದಕ್ಕೇ ಕೊಡಬಹುದಿತ್ತು. ಪೂರ್ತಿ ಆರ್ಕೆಸ್ಟ್ರಾ ಹಾಕಿದ್ದರೆ ಹ್ಯಾರಿ ಅಷ್ಟು ಒಂಟಿ ಅನ್ನಿಸುತ್ತಿರಲಿಲ್ಲ.

ಕೊನೆಯ ಅರ್ಧ ಗಂಟೆಗೆ ನಮ್ಮ ಮನೆಯವಳೂ ಬಂದು ಕೂತಳು. ಹೆಡ್‌ಫೋನ್ ಕಿತ್ತು ಸ್ಪೀಕರಿಗೆ ಹಾಕಿದೆ. ಹ್ಯಾರಿ ಮನೆಯಲ್ಲಿ ಸ್ಯಾಕ್ಸೋಫೋನ್ ನುಡಿಸುತ್ತಿರುವಾಗ ಫೋನ್ ಬರುತ್ತೆ. ನಿನಗೆ ಗೊತ್ತು ಅಂತ ನಮಗೆ ಗೊತ್ತು, ಇನ್ನು ಮುಂದೆ ನಿನ್ನನ್ನು ಕೇಳುತ್ತಿರುತ್ತೇವೆ ಅನ್ನುವ ದನಿ. ಜತೆಗೆ ಈಗಷ್ಟೇ ಅವನು ನುಡಿಸಿದ ಸ್ಯಾಕ್ಸೋಫೋನನ್ನೇ ಟೇಪಿನಲ್ಲಿ ವಾಪಸ್ ಕೇಳಿಸುತ್ತಾರೆ. ಮೈಕು ಎಲ್ಲಿದೆ ಅಂತ ಹ್ಯಾರಿ ಹುಡುಕುತ್ತಾನೆ. ಪರದೆ ಕಿತ್ತ. ಗೋಡೆಯ ಕಾಗದ ಹರಿದ. ನೆಲದ ಹಲಗೆ ಎಬ್ಬಿಸಿದ. ಮೇರಿ ಮಾತೆಯ ಮೂರ್ತಿಯನ್ನು ಕೈಯಲ್ಲಿ ಹಿಡಿದು ತಡೆದು ತಡೆದು ಕೊನೆಗೆ ಅದನ್ನೂ ಒಡೆದ. ಸ್ಯಾಕ್ಸೋಫೋನ್ ಒಂದನ್ನು ಮುಟ್ಟಲಿಲ್ಲ. ಮೈಕು ಅದರೊಳಗೇ ಇತ್ತು ಅಂತ ಎಷ್ಟೋ ಅಭಿಮಾನಿಗಳ ವಾದ. ನಾನು ಒಪ್ಪಲ್ಲ. ಅಷ್ಟು ಹತ್ತಿರ ಮೈಕ್ ಇಟ್ಟರೆ ಸದ್ದು ಹರಿದು ಚಿಂದಿಯಾಗಿ ಬರಬೇಕು. ಫೋನಿನಲ್ಲಿ ಕೇಳಿಸಿದ್ದು ಸ್ವಲ್ಪ ದೂರದಿಂದ ಹಿಡಿದ ಸದ್ದು, ರೂಮಿನ ಗುಂಗು ಅದರಲ್ಲಿತ್ತು.

ಇದನ್ನೆಲ್ಲ ಅವಳಿಗೆ ವಿವರಿಸುತ್ತಿದ್ದೆ. ಅವಳು ಆ ಹಾಳುಬಿದ್ದ ಮನೆಯನ್ನೇ ನೋಡುತ್ತಿದ್ದಳು.

“ಇದು ಬಾಡಿಗೆ ಮನೆ ಅಲ್ವಾ?” ಅಂದಳು.

ಹೌದು ಅಂದೆ. ಶುರುವಲ್ಲೇ ಓನರ್ ಹೆಂಗಸು ಬೀಗ ತೆಗೆದು ಒಳಗೆ ಬಂದು, ಹುಟ್ಟುಹಬ್ಬಕ್ಕೆ ಅಂತ ವೈನ್ ಬಾಟಲ್ ಇಟ್ಟು ಹೋಗಿರುತ್ತಾಳೆ, ಅವಳ ಹತ್ತಿರ ಇನ್ನೊಂದು ಕೀ ಇದೆ ಅಂತ ಇವನು ಫೋನ್ ಮಾಡಿ ಜಗಳ ತೆಗೆಯುತ್ತಾನೆ ಅಂತಲೂ ಹೇಳಿದೆ.

“ಹಂಗಾದ್ರೆ ಮೈಕ್ ಇಟ್ಟೋರು ಯಾರು ಅಂತ ಓನರ್‌ನ ಕೇಳೋದು ಬಿಟ್ಟು ನೆಲ ಯಾಕೆ ಅಗೀತಾನೆ? ಅಡ್ವಾನ್ಸ್ ಪೂರ್ತಿ ಹೋಯ್ತು.”